ಶಿವಮೊಗ್ಗೆಯ ಸೀಮೆಯ ಚಲಚ್ಚಿತ್ರಗಳಲ್ಲಿ ಕಾಲವಿಚಾರ

ಕನ್ನಡ ಚಲಚ್ಚಿತ್ರದ ಚರಿತ್ರೆಯನ್ನು ಬರೆದವರಲ್ಲಿ ಬಹುಮಂದಿ 1970ನೆಯ ಇಸವಿಯನ್ನು ಒಂದು ಎಲ್ಲೆಗಲ್ಲಾಗಿ ಎಣಿಸಿರುವರು. ಪಟ್ಟಾಭಿರಾಮರೆಡ್ಡಿಯವರ ‘ಸಂಸ್ಕಾರ’ವು ಆ ವರ್ಷದ್ದು. ಅದಕ್ಕೆ ಹಿಂದಣ ಕಾಲದಲ್ಲಿ, ಎಂದರೆ 1934ರ ‘ಸತಿ ಸುಲೋಚನ’ದಿಂದ ಮೊದಲ್ಗೊಂಡು, ಕನ್ನಡದ ವಾಕ್ಚಿತ್ರಗಳು ಬಹುಮಟ್ಟಿಗೆ ನಾಟಕದ ಕಂಪೆನಿಗಳ ರಂಗಸ್ಥಳದಿಂದಲೇ ಕಥೆಯನ್ನೂ ನಟರನ್ನೂ ಹಾಡನ್ನೂ ಪಡೆದು ಬೆಳೆದುವು. ಅನಂತರ ಬಂದ ಚಿತ್ರಗಳಲ್ಲಿ ಒಂದು ಗುಂಪು ಹೊಸ ಕಾದಂಬರಿ ಸಣ್ಣಕಥೆಗಳನ್ನಾಶ್ರಯಿಸಿ, ಹಾಡು ಕುಣಿತಗಳನ್ನು ಬಿಟ್ಟು, ಸಾಮಾನ್ಯರ ದಿನಚರಿಯನ್ನೇ ವಸ್ತುವಾಗಿ ಮಾಡಿಕೊಂಡಿತು. ಇವಕ್ಕೆ ಪ್ರಯೋಗಚಿತ್ರಗಳೆಂದೂ ಕಲಾತ್ಮಕ ಚಿತ್ರಗಳೆಂದೂ ಹೊಸ ಅಲೆಯ ಚಿತ್ರಗಳೆಂದೂ ಹೆಸರುಗಳು ಬಂದುವು. ಕಡೆಯ ಹೆಸರು ಫ್ರಾನ್ಸಿನಿಂದ ಬಂದುದು. ಹೆಸರು ಅಲ್ಲಿಂದ ಬಂದಮೇಲೆ ಪದಾರ್ಥವೂ ಅಲ್ಲಿಂದಲೇ ಬಂದಿರಬೇಕೆಂದು ಭಾವಿಸಿದವರುಂಟು. ಈ ಚಿತ್ರಗಳ ನಿಧಾನಗತಿ, ಏನೂ ನಡೆಯದಂತೆ ತೋರುವ ದೃಶ್ಯ, ಮಾತಿಲ್ಲದೆ ಕುಳಿತ ಮುಖ ಇವೆಲ್ಲವೂ ಯೂರೋಪಿನ ಅನುಕರಣವೆಂಬ ಆಕ್ಷೇಪಣೆಯು ಐವತ್ತು ವರ್ಷಗಳಿಂದ ಕೇಳಿಬರುತ್ತಿದೆ.

ಈ ಆಕ್ಷೇಪಣೆಯನ್ನು ಪರೀಕ್ಷಿಸುವುದಕ್ಕೆ ಒಂದು ಸೀಮೆಯನ್ನು ಆರಿಸಿಕೊಂಡು ನೋಡುವುದು ಅನುಕೂಲ. ಶಿವಮೊಗ್ಗೆಯ ಜಿಲ್ಲೆಯು ಇದಕ್ಕೆ ತಾನಾಗಿಯೇ ಒದಗುವುದು. ‘ಸಂಸ್ಕಾರ’, ‘ಘಟಶ್ರಾದ್ಧ’ಗಳ ಮೂಲಕರ್ತರಾದ ಯು. ಆರ್. ಅನಂತಮೂರ್ತಿಯವರು ತೀರ್ಥಹಳ್ಳಿ ತಾಲ್ಲೂಕಿನ ಮೇಳಿಗೆಯಲ್ಲಿ ಹುಟ್ಟಿದವರು. ‘ಘಟಶ್ರಾದ್ಧ’, ‘ತಬರನ ಕಥೆ’, ‘ದ್ವೀಪ’ಗಳನ್ನು ನಿರ್ದೇಶಿಸಿದ ಶ್ರೀ ಗಿರೀಶ ಕಾಸರವಳ್ಳಿಯವರು ಅದೇ ತಾಲ್ಲೂಕಿನ ಕೆಸಲೂರಿನವರು, ಕಮ್ಮರಡಿಯ ಶಾಲೆಯಲ್ಲಿ ಓದಿ, ಮುಂದಿನ ವಿದ್ಯಾಭ್ಯಾಸಕ್ಕೆ ಶಿವಮೊಗ್ಗೆಗೆ ಬಂದವರು. ತಬರನನ್ನು ಸೃಷ್ಟಿಸಿದ ಪೂರ್ಣಚಂದ್ರ ತೇಜಸ್ವಿಯವರು ಕುಪ್ಪಳಿಯ ಮನೆತನದವರು. ‘ದ್ವೀಪ’ ಕಾದಂಬರಿಯ ಕರ್ತೃಗಳಾದ ನಾ. ಡಿಸೋಜರು ಸಾಗರದವರು. ‘ಸಂಸ್ಕಾರ’ದಲ್ಲಿ ನಾರಣಪ್ಪನ ಪಾತ್ರವನ್ನು ವಹಿಸಿ, 1976ರಲ್ಲಿ ತಮ್ಮದೇ ಕಾದಂಬರಿಯಾದ ‘ಬಿರುಕು’ವಿನಿಂದ ‘ಪಲ್ಲವಿ’ಯನ್ನು ಮಾಡಿ ಆ ವರ್ಷದ ಅತ್ಯುತ್ತಮ ನಿರ್ದೇಶಕರೆಂಬ ರಾಷ್ಟ್ರಪ್ರಶಸ್ತಿಯನ್ನು ಪಡೆದ ಪಿ. ಲಂಕೇಶರು ಶಿವಮೊಗ್ಗೆಯ ಸಮೀಪದ ಕೊನಗವಳ್ಳಿಯವರು. ಒಂದು ಜಿಲ್ಲೆಗೆ ಇಷ್ಟು ಮಂದಿ ಸೇರಿದುದು ಆಕಸ್ಮಿಕವೆಂದು ತಳ್ಳಿಹಾಕುವುದು ಕಷ್ಟ.

ಕಾಲದ ಎಣಿಕೆಯಲ್ಲಿ ಈ ಸೀಮೆಗೆ ಒಂದು ವೈಚಿತ್ರ್ಯವಿದ್ದಿತು. ಬೀರೂರಿನಿಂದ ಶಿವಮೊಗ್ಗೆಗೆ 1899ರಲ್ಲಿ ರೈಲು ಬಂದಿತು; ಅದರೊಡನೆ ನಿಮಿಷದ ಲೆಕ್ಕವೂ ಬಂದಿತು. ಆ ದಾರಿಯಲ್ಲಿಯೇ, ಶಿವಮೊಗ್ಗೆಗೆ ಸುಮಾರು 20 ಕಿಲೋಮೀಟರು ಈಚೆಗೆ, ಬೆಂಕಿಪುರವೆಂಬ ಹಳೆಯ ಹೆಸರುಳ್ಳ ಭದ್ರಾವತಿಯಲ್ಲಿ 1923ನೆಯ ಇಸವಿಯಲ್ಲಿ ಮೈಸೂರು ಸಂಸ್ಥಾನದ ಕಬ್ಬಿಣದ ಕಾರ್ಖಾನೆಯು ಕೆಲಸವನ್ನಾರಂಭಿಸಿತು. ಕೆಮ್ಮಣ್ಣುಗುಂಡಿಯ ಅದುರನ್ನು ಮಲೆನಾಡಿನ ಕಾಡುಮರದ ಇದ್ದಿಲಿನಿಂದ ಕರಗಿಸುವುದು ಅಲ್ಲಿನ ಮೊದಲ ಕ್ರಮ. ಇಂತಹ ಕುಲುಮೆಯನ್ನು ಒಮ್ಮೆ ಹೊತ್ತಿಸಿದಮೇಲೆ ರಾತ್ರಿಯಾಯಿತೆಂದಾಗಲಿ ಹಬ್ಬ ಬಂದಿತೆಂದಾಗಲಿ ಆರಿಸುವಂತಿಲ್ಲ. ಒಳಗೆ ಲೋಹ ಗಟ್ಟಿಯಾದರೆ ಕುಲುಮೆಯೇ ಹಾಳು. ಆದುದರಿಂದ ಆಳುಗಳು ಪಾಳಿಯಮೇಲೆ ಹಗಲಿರುಳೂ ದುಡಿಯಬೇಕು. ಅಲ್ಲಿ ಅಮಾವಾಸ್ಯೆಗೂ ಹುಣ್ಣಿಮೆಗೂ ಭೇದವಿಲ್ಲ.

ಅದೇ ಕಾಡಿನ ಇನ್ನೊಂದು ಮಗ್ಗುಲಲ್ಲಿ, ತುಂಗೆಯ ದಡದ ಅಗ್ರಹಾರಗಳಲ್ಲಿ, ದಿನವೆಂಬುದು ಪಂಚಾಂಗದಿಂದ ಹುಟ್ಟುತ್ತಿದ್ದಿತು. ಯಾವಾಗ ಉಣ್ಣಬಹುದು, ಯಾವಾಗ ಉಣ್ಣಬಾರದು, ಯಾರನ್ನು ಎಷ್ಟು ದಿನ ಮುಟ್ಟಬಾರದು ಎಂಬುದನ್ನೆಲ್ಲ ತಿಥಿಯೂ ಸೂತಕವೂ ಗೊತ್ತುಮಾಡುತ್ತಿದ್ದುವು. ಬೆಂಕಿಯನ್ನು ಎಂದಿಗೂ ಆರಿಸಬಾರದೆಂಬ ಊರೊಂದು, ಹೆಣವಿದ್ದರೆ ಒಲೆಯನ್ನು ಹೊತ್ತಿಸಬಾರದೆಂಬ ಊರೊಂದು. ನಡುವೆ ಒಂದು ಹಗಲಿನ ಪ್ರಯಾಣವೂ ಇಲ್ಲ. ಇಲ್ಲಿ ವಿಚಾರಿಸುವ ಚಿತ್ರಗಳಲ್ಲಿ ಒಂದೂ ಭದ್ರಾವತಿಯ ಕಾರ್ಖಾನೆಯನ್ನು ಹೊಕ್ಕುದಿಲ್ಲ. ಆದರೂ ಅಗ್ರಹಾರದ ಕಾಲವು ಒಂದು ವಿಶೇಷವಾದ ಕಾಲವೆಂದು ಆ ಸೀಮೆಯ ಬರಹಗಾರರಿಗೆ ಗೋಚರವಾಗಬೇಕಾದರೆ ಬೇರೊಂದು ಕಾಲವು ಕೈಗೆಟಕುವ ದೂರದಲ್ಲಿ ಇದ್ದಿರಲೇಬೇಕು.

ಇದು ಬರಿಯ ಊಹೆಯಲ್ಲವೆಂಬುದಕ್ಕೆ ‘ಸಂಸ್ಕಾರ’ ಕಾದಂಬರಿಯ ಹುಟ್ಟೇ ಆಧಾರ. ಅನಂತಮೂರ್ತಿಯವರು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನಲ್ಲಿ ವ್ಯಾಸಂಗಮಾಡುತ್ತಿದ್ದಾಗ ತಮ್ಮ ಅಧ್ಯಾಪಕರಾದ ಮಾಲ್ಕಂ ಬ್ರಾಡ್‌ಬರಿಯವರೊಡನೆ ಸ್ವೀಡನ್ ದೇಶದ ಇಂಗ್ಮಾರ್ ಬರ್ಗ್‌ಮನ್ನನ ‘ಏಳನೆಯ ಮುದ್ರೆ’ ಎಂಬ 1957ರ ಚಿತ್ರವನ್ನು ನೋಡಿದರು. ಮಹಾಮಾರಿಯ ದಿನಗಳಲ್ಲಿ ಒಬ್ಬ ವೀರನು ಮೃತ್ಯುವಿನೊಡನೆ ಚದುರಂಗವಾಡುವ ಕಥೆ ಅದು. ನೋಡಿ ಬಂದಮೇಲೆ ಅವರು ಆಡಿದ ಮಾತನ್ನು ಅವರೇ ಅನೇಕ ಕಡೆ ಹೇಳಿರುವರು. ಅದರ ಸಾರಾಂಶವಿಷ್ಟು: ಯೂರೋಪಿನವನು ತನ್ನ ಮಧ್ಯಯುಗವನ್ನು ಓದಿ ತಿಳಿದು ಕಟ್ಟಿಕೊಳ್ಳಬೇಕು, ಭಾರತದವನಿಗಾದರೋ ಹಲವು ಯುಗಗಳು ಒಟ್ಟಿಗೇ ಮನಸ್ಸಿನಲ್ಲಿ ಬದುಕಿರುತ್ತವೆ. ಇದನ್ನೇ ಬರೆಯಬೇಕೆಂದು ಬ್ರಾಡ್‌ಬರಿಯವರು ಸೂಚಿಸಿದರು. 1965ರಲ್ಲಿ ಕಾದಂಬರಿ ಹೊರಬಂದಿತು.

ಯೂರೋಪಿನ ಚಿತ್ರವೊಂದು ಇಲ್ಲಿ ನಿಮಿತ್ತವಾದುದು ನಿಜ. ಆದರೆ ಅದು ಮಾದರಿಯಾಗಲಿಲ್ಲ. ಭೇದವನ್ನು ತೋರಿಸಿಕೊಟ್ಟಿತು, ಅಷ್ಟೆ. ಬರ್ಗ್‌ಮನ್ನನು ಆರುನೂರು ವರ್ಷಗಳ ಹಿಂದಕ್ಕೆ ಹೋಗಿ ಪಡೆದುದನ್ನು ಮೇಳಿಗೆಯ ಹುಡುಗನು ಮನೆಯ ಜಗಲಿಯಮೇಲೆ ಕಂಡಿದ್ದನು. ಅನುಕರಣವೆಂಬ ಆಕ್ಷೇಪಣೆಯನ್ನು ಎತ್ತುವವರು ಈ ಒಂದು ಸಂಗತಿಯನ್ನು ಇನ್ನೂ ಹೆಚ್ಚಾಗಿ ಲಕ್ಷ್ಯಕ್ಕೆ ತಂದುಕೊಳ್ಳಬೇಕಾಗಿದ್ದಿತು.

‘ಸಂಸ್ಕಾರ’ದ ಕಥೆಯೆಲ್ಲವೂ ಒಂದು ನಿಂತುಹೋದ ದಿನದ ಕಥೆ. ದೂರ್ವಾಸಪುರದ ಅಗ್ರಹಾರದಲ್ಲಿ ಆಚಾರಭ್ರಷ್ಟನಾದ ನಾರಣಪ್ಪನು ಸತ್ತಿರುವನು. ಅವನಿಗೆ ಸಂಸ್ಕಾರವನ್ನು ಯಾರು ಮಾಡಬೇಕೆಂಬುದು ತೀರ್ಮಾನವಾಗದೆ ಹೆಣವು ಹಾಗೆಯೇ ಇದೆ. ಹೆಣವಿರುವತನಕ ಅಡುಗೆಯಿಲ್ಲ, ಊಟವಿಲ್ಲ, ದೇವರ ಪೂಜೆಯಿಲ್ಲ. ಹಸಿವು ಮಾತ್ರ ತನ್ನ ಗಡಿಯಾರವನ್ನು ನಿಲ್ಲಿಸುವುದಿಲ್ಲ. ಶಾಸ್ತ್ರದ ಕಾಲವು ನಿಂತಿದೆ, ದೇಹದ ಕಾಲವು ನಡೆಯುತ್ತಿದೆ. ಹೆಣವು ಕೊಳೆಯುತ್ತಿದೆ, ಇಲಿಗಳು ಬೀಳುತ್ತಿವೆ. ಇದರಲ್ಲಿ ಶಿವಮೊಗ್ಗೆಯ ಪಾತ್ರವೂ ಉಂಟು. ನಾರಣಪ್ಪನು ಶಿವಮೊಗ್ಗೆಗೆ ಹೋಗಿ ಜ್ವರವನ್ನು ಹೊತ್ತು ತಂದವನು. ಅಲ್ಲಿ ಪ್ಲೇಗು ಬಂದಿದೆಯೆಂಬ ಸುದ್ದಿಯು ನೆರೆಯ ಪಾರಿಜಾತಪುರದವರೊಬ್ಬರಿಗೆ ತಿಳಿದುದು ‘ತಾಯಿನಾಡು’ ಪತ್ರಿಕೆಯಿಂದ. ರೋಗವೂ ಪತ್ರಿಕೆಯೂ ಒಂದೇ ಊರಿನಿಂದ ಒಂದೇ ದಾರಿಯಲ್ಲಿ ಬರುತ್ತವೆ. ಅಗ್ರಹಾರದ ಕಾಲದೊಳಕ್ಕೆ ಪೇಟೆಯ ಕಾಲವು ಪ್ರವೇಶಿಸುವ ಬಗೆ ಇದು.

ಚಿತ್ರವನ್ನು ಶೃಂಗೇರಿಯ ಕಡೆಯ ವೈಕುಂಠಪುರದಲ್ಲಿ ತೆಗೆದರು. ಆಸ್ಟ್ರೇಲಿಯದ ಟಾಮ್ ಕೋವನ್ ಛಾಯಾಗ್ರಾಹಕ. ಶ್ರೀ ಗಿರೀಶ ಕಾರ್ನಾಡರು ಪ್ರಾಣೇಶಾಚಾರ್ಯರಾಗಿಯೂ ಸ್ನೇಹಲತಾರೆಡ್ಡಿಯವರು ಚಂದ್ರಿಯಾಗಿಯೂ ಅಭಿನಯಿಸಿದರು. ಮೊದಲು ಪರಿಶೀಲನ ಮಂಡಲಿಯವರು ಪ್ರದರ್ಶನವನ್ನು ತಡೆದರು. ತಡೆಯು ತೆರವಾದಮೇಲೆ ಆ ವರ್ಷದ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂದಿತು. ಚರಿತ್ರೆಯಲ್ಲಿ ಈ ಚಿತ್ರದ ಸ್ಥಾನವು ಅಲುಗದು. ಆದರೆ ಕಾಲದ ನಿರ್ವಹಣೆಯ ದೃಷ್ಟಿಯಿಂದ ನೋಡಿದರೆ ಅದರ ಕೆಲಸವು ಪೂರ್ತಿಯಾಗಿಲ್ಲವೆಂದೇ ಹೇಳಬೇಕು. ವಾದವನ್ನು ಅದು ಬಹಳವಾಗಿ ಸಂಭಾಷಣೆಯಿಂದಲೇ ನಡೆಸುವುದು. ಅಗ್ರಹಾರದವರು ಹಸಿದಿರುವರೆಂದು ನೋಡುವವನಿಗೆ ಮಾತಿನಿಂದ ಗೊತ್ತಾಗುತ್ತದೆ. ಹಸಿದ ಹಗಲಿನ ಉದ್ದವು ಅಷ್ಟಾಗಿ ಗೊತ್ತಾಗುವುದಿಲ್ಲ. ಉದ್ದವನ್ನು ತೋರಿಸುವ ಕೆಲಸವು ಏಳು ವರ್ಷಗಳ ತರುವಾಯ ನಡೆಯಿತು.

ಉದ್ದವೆಂಬುದು ಚಲಚ್ಚಿತ್ರದಲ್ಲಿ ಅಲಂಕಾರದ ಮಾತಲ್ಲ. ಮೂವತ್ತೈದು ಮಿಲಿಮೀಟರಿನ ಫಿಲ್ಮು ಸೆಕೆಂಡಿಗೆ ಇಪ್ಪತ್ತನಾಲ್ಕು ಚೌಕಗಳಂತೆ, ನಿಮಿಷಕ್ಕೆ 90 ಅಡಿ ಓಡುತ್ತದೆ. ಸಾವಿರ ಅಡಿಯ ಒಂದು ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿಯುವುದು. ಕಾದಂಬರಿಕಾರನು ‘ಮೂರು ತಿಂಗಳು ಕಳೆದುವು’ ಎಂದು ಖರ್ಚಿಲ್ಲದೆ ಬರೆದುಬಿಡಬಹುದು. ಚಿತ್ರಕಾರನು ಒಬ್ಬ ಹೆಂಗಸು ಬಾವಿಕಟ್ಟೆಯ ಬಳಿ ಸುಮ್ಮನೆ ನಿಂತುದನ್ನು ಒಂದು ನಿಮಿಷ ತೋರಿಸಬೇಕಾದರೆ ತೊಂಬತ್ತಡಿ ಫಿಲ್ಮನ್ನು ಕೊಂಡು ತರಬೇಕು. ಸಾಲಸೋಲಮಾಡಿ ಚಿತ್ರ ತೆಗೆಯುವವನು ಏನೂ ನಡೆಯದ ಹೊತ್ತಿಗೆ ತೊಂಬತ್ತಡಿಯನ್ನು ಸುರಿಯಬೇಕಾದರೆ ಆ ಹೊತ್ತಿನಲ್ಲಿ ಏನೋ ನಡೆಯುತ್ತಿದೆಯೆಂಬ ನಂಬಿಕೆ ಅವನಿಗೆ ಬಲವಾಗಿರಬೇಕು. ರಷ್ಯದ ತರ್ಕೋವ್‌ಸ್ಕಿಯು ಚಲಚ್ಚಿತ್ರಕಾರನ ಕೆಲಸವನ್ನು ಕಾಲದಲ್ಲಿ ಶಿಲ್ಪವನ್ನು ಕೆತ್ತುವುದಕ್ಕೆ ಹೋಲಿಸಿದುದು ಈ ಅರ್ಥದಲ್ಲಿ ಸರಿಯಾಗಿದೆ. ಕಲ್ಲಿಗೆ ಬೆಲೆ ಕೊಡಬೇಕೆಂಬುದನ್ನು ಮಾತ್ರ ಅದರೊಡನೆ ಸೇರಿಸಿಕೊಳ್ಳಬೇಕು.

ಶ್ರೀ ಕಾಸರವಳ್ಳಿಯವರು 1950ರಲ್ಲಿ ಹುಟ್ಟಿದವರು. ಹಳ್ಳಿಗೆ ಬರುತ್ತಿದ್ದ ಟೂರಿಂಗ್ ಟಾಕೀಸಿನಲ್ಲಿ ಅವರು ಮೊದಲ ಚಿತ್ರಗಳನ್ನು ನೋಡಿದರು. ಮಣಿಪಾಲದಲ್ಲಿ ಔಷಧಶಾಸ್ತ್ರವನ್ನು ಓದಿ, ಅದನ್ನು ಬಿಟ್ಟು, ಪುಣೆಯ ಚಲಚ್ಚಿತ್ರ ಶಿಕ್ಷಣಸಂಸ್ಥೆಯನ್ನು ಸೇರಿ, 1975ರಲ್ಲಿ ಚಿನ್ನದ ಪದಕದೊಡನೆ ಹೊರಬಿದ್ದರು. ಅಲ್ಲಿ ಅವರು ಮಾಡಿದ ‘ಅವಶೇಷ’ವೆಂಬ ಕಿರುಚಿತ್ರಕ್ಕೆ ರಾಷ್ಟ್ರಪತಿಗಳ ರಜತಕಮಲವು ದೊರೆಯಿತು. ಬಿ. ವಿ. ಕಾರಂತರ ‘ಚೋಮನ ದುಡಿ’ಯಲ್ಲಿ ಸಹಾಯಕರಾಗಿ ದುಡಿದು, 1977ರಲ್ಲಿ ‘ಘಟಶ್ರಾದ್ಧ’ವನ್ನು ಮಾಡಿದಾಗ ಅವರಿಗೆ ಇಪ್ಪತ್ತೇಳು ವರ್ಷವೂ ತುಂಬಿರಲಿಲ್ಲ. ನಿರ್ಮಾಪಕರು ಸದಾನಂದ ಸುವರ್ಣರು; ಕಪ್ಪು ಬಿಳುಪಿನ ಛಾಯಾಗ್ರಹಣ ಎಸ್. ರಾಮಚಂದ್ರರದು, ಸಂಗೀತ ಕಾರಂತರದು.

ಕಥೆಯು ಪ್ರಸಿದ್ಧವಾದುದು. ಉಡುಪರ ವೇದಪಾಠಶಾಲೆಗೆ ನಾಣಿಯೆಂಬ ಚಿಕ್ಕ ಹುಡುಗನು ಬರುತ್ತಾನೆ. ದೊಡ್ಡ ಹುಡುಗರ ಕಾಟದಿಂದ ನೊಂದ ಅವನಿಗೆ ಉಡುಪರ ಮಗಳಾದ ಬಾಲವಿಧವೆ ಯಮುನೆಯೊಬ್ಬಳೇ ಆಶ್ರಯ. ಯಮುನೆ ಶಾಲೆಯ ಮೇಷ್ಟರೊಬ್ಬನಿಂದ ಗರ್ಭಿಣಿಯಾಗಿರುವಳು. ಇಲ್ಲಿ ಎರಡು ಕಾಲಗಳು ಒಂದೇ ಮನೆಯಲ್ಲಿ ಓಡುವುದನ್ನು ನೋಡಬಹುದು. ವೇದಪಾಠವು ದಿನದಿನವೂ ಅದೇ ಸ್ವರದಲ್ಲಿ ಆವೃತ್ತಿಯಾಗುತ್ತದೆ. ಅದಕ್ಕೆ ಮುಂದು ಹಿಂದು ಇಲ್ಲ. ಒಳಕೋಣೆಯ ಗರ್ಭವಾದರೋ ಆವೃತ್ತಿಯನ್ನರಿಯದು. ಅದು ಮುಂದಕ್ಕೇ ಹೋಗುವುದು, ತಿಂಗಳುಗಳನ್ನು ಎಣಿಸುವುದು. ಇವೆರಡರ ನಡುವೆ ನಿಂತ ನಾಣಿಗೆ ಯಾವುದರ ಅರ್ಥವೂ ಆಗಿಲ್ಲ. ಅವನು ನೋಡುತ್ತಾನೆ. ಚಿತ್ರವು ಅವನು ನೋಡುವಷ್ಟು ಹೊತ್ತು ನೋಡುತ್ತದೆ. ಯಮುನೆ ಸಾಯುವುದಕ್ಕಾಗಿ ಹುತ್ತದಲ್ಲಿ ಕೈಯಿಡುವ ಪ್ರಸಂಗದಲ್ಲಿ ಬೇರೆ ನಿರ್ದೇಶಕನಾಗಿದ್ದರೆ ಹಾವನ್ನು ತೋರಿಸುತ್ತಿದ್ದನೋ ಏನೋ. ಇಲ್ಲಿ ಇರುವುದು ಹುಡುಗನ ಭಯ, ಹೆಂಗಸಿನ ಸ್ತಬ್ಧತೆ, ಕಾಡಿನ ಶಬ್ದ. ಗರ್ಭಪಾತದ ರಾತ್ರಿಯಲ್ಲಿ ಮಾತ್ರ ಚಿತ್ರವು ಈ ನಿಧಾನವನ್ನು ಬಿಟ್ಟುಕೊಟ್ಟು ಬೆಂಕಿ, ದುಡಿ, ಕುಣಿತಗಳನ್ನು ನಡುನಡುವೆ ಹೆಣೆಯುತ್ತದೆ. ಅದುವರೆಗೂ ಹಿಡಿದಿಟ್ಟ ಹೊತ್ತೆಲ್ಲ ಅಲ್ಲಿ ಒಮ್ಮೆಗೇ ಒಡೆದುಹೋದಂತಾಗುವುದು. ನಿಧಾನವು ಶೈಲಿಯ ಚಪಲವಾಗಿದ್ದಿದ್ದರೆ ಇಲ್ಲಿಯೂ ಇರುತ್ತಿದ್ದಿತು.

ಘಟಶ್ರಾದ್ಧವೆಂಬ ಕರ್ಮದ ಸ್ವರೂಪವನ್ನು ಕೊಂಚ ಯೋಚಿಸಬೇಕು. ಜಾತಿಯಿಂದ ಹೊರಹಾಕಬೇಕಾದವರ ಸ್ಥಾನದಲ್ಲಿ ಒಂದು ಮಡಕೆಯನ್ನಿಟ್ಟು, ಅವರು ಸತ್ತರೆಂದು ಭಾವಿಸಿ ಉತ್ತರಕ್ರಿಯೆಯನ್ನು ಮಾಡಿ ಮುಗಿಸುವುದು ಅದರ ಕ್ರಮ. ಯಮುನೆ ಬದುಕಿರುವಾಗಲೇ ಅವಳ ತಂದೆ ಅವಳ ಶ್ರಾದ್ಧವನ್ನು ಮಾಡುತ್ತಾನೆ. ‘ಸಂಸ್ಕಾರ’ದಲ್ಲಿ ಇದರ ವಿಪರ್ಯಯವನ್ನು ಕಾಣಬಹುದು. ಅಲ್ಲಿ ಮನುಷ್ಯನು ಸತ್ತಿರುವನು, ಕರ್ಮವು ನಡೆದಿಲ್ಲ. ಆದುದರಿಂದ ಅವನು ಪೂರ್ತಿಯಾಗಿ ಸತ್ತಿಲ್ಲ. ಇಲ್ಲಿ ಹೆಂಗಸು ಬದುಕಿರುವಳು, ಕರ್ಮವು ನಡೆದಿದೆ. ಆದುದರಿಂದ ಅವಳು ಬದುಕಿಲ್ಲ. ಒಂದರಲ್ಲಿ ಶಾಸ್ತ್ರವು ದೇಹಕ್ಕಿಂತ ಹಿಂದುಳಿಯಿತು, ಮತ್ತೊಂದರಲ್ಲಿ ದೇಹಕ್ಕಿಂತ ಮುಂದೋಡಿತು. ಒಬ್ಬರೇ ಲೇಖಕರ ಈ ಎರಡು ಕೃತಿಗಳನ್ನು ಬೇರೆ ಬೇರೆಯಾಗಿ ವಿಮರ್ಶಿಸುವ ಪದ್ಧತಿಯಿಂದ ಈ ಜೋಡಣೆಯು ಮರೆಯಾಗುವುದು. ಚಿತ್ರದ ಕೊನೆಯಲ್ಲಿ ತಲೆಬೋಳಿಸಿಕೊಂಡ ಯಮುನೆ ಮರದ ಕೆಳಗೆ ಕುಳಿತಿರುವಳು. ನಾಣಿಯು ತಂದೆಯೊಡನೆ ಊರಿಗೆ ಹಿಂದಿರುಗುತ್ತ ಅವಳನ್ನು ನೋಡುತ್ತಾನೆ. ಮುದುಕನಾದ ಉಡುಪನು ಹದಿಹರೆಯದ ಹುಡುಗಿಯೊಬ್ಬಳನ್ನು ಮದುವೆಯಾಗುವ ಸನ್ನಾಹದಲ್ಲಿರುವನು. ಅವನ ಕಾಲವು ಪುನಃ ಮೊದಲಿನಿಂದ ಆರಂಭವಾಗುತ್ತದೆ. ಯಮುನೆಗೆ ಮುಗಿದ ಕಾಲವೂ ಇಲ್ಲ, ನಡೆಯುವ ಕಾಲವೂ ಇಲ್ಲ. ಆ ಸ್ಥಿತಿಯನ್ನು ತೋರಿಸುವುದಕ್ಕೆ ಚಲಿಸದ ಆಕೃತಿಯೊಂದರಮೇಲೆ ನಿಲ್ಲುವ ಚಿತ್ರಕ್ಕಿಂತ ಬೇರೆ ಸಾಧನವಿಲ್ಲ. ಆ ವರ್ಷದ ಸ್ವರ್ಣಕಮಲವು ಈ ಚಿತ್ರಕ್ಕೆ ಬಂದಿತು.

ಇಂತಹ ಚಿತ್ರಗಳನ್ನು ನೋಡುವವರು ಯಾರು ಎಂಬ ಪ್ರಶ್ನೆಯನ್ನು ಇದೇ ಜಿಲ್ಲೆಯ ಒಂದು ಹಳ್ಳಿಯು ಎತ್ತಿಕೊಂಡಿತು. ಸಾಗರದ ಬಳಿಯ ಹೆಗ್ಗೋಡಿನಲ್ಲಿ 1949ರಲ್ಲಿ ಸ್ಥಾಪಿತವಾದ ಶ್ರೀ ನೀಲಕಂಠೇಶ್ವರ ನಾಟ್ಯಸೇವಾ ಸಂಘವು, ಎಂದರೆ ‘ನೀನಾಸಂ’, 1973ರಲ್ಲಿ ಒಂದು ಚಿತ್ರಸಮಾಜವನ್ನು ಏರ್ಪಡಿಸಿತು. ಇದರ ಪ್ರವರ್ತಕರು ಕೆ. ವಿ. ಸುಬ್ಬಣ್ಣನವರು, ಶ್ರೀ ಕಾಸರವಳ್ಳಿಯವರಿಗೆ ಬಂಧುಗಳು. ಪುಣೆಯ ಸಂಸ್ಥೆಯ ಸತೀಶ ಬಹಾದೂರರು ಬಂದು ರಸಗ್ರಹಣದ ಶಿಬಿರಗಳನ್ನು ನಡೆಸಿಕೊಟ್ಟರು. ಅಡಕೆಯ ತೋಟದವರೂ ಶಾಲೆಯ ಉಪಾಧ್ಯಾಯರೂ ಗೃಹಿಣಿಯರೂ ಕುಳಿತು ಸತ್ಯಜಿತ್ ರಾಯ್, ಕುರೊಸಾವ ಮೊದಲಾದವರ ಚಿತ್ರಗಳನ್ನು ನೋಡಿ ಚರ್ಚಿಸಿದರು. 1980ರ ದಶಕದ ಮೊದಲರ್ಧದಲ್ಲಿ ‘ಜನಸ್ಪಂದನ’ವೆಂಬ ಯೋಜನೆಯಿಂದ ಈ ಕೆಲಸವು ಬೇರೆ ಊರುಗಳಿಗೂ ಹಬ್ಬಿತು. ಹಳ್ಳಿಯ ಜನಕ್ಕೆ ನಿಧಾನವು ಸಹಿಸದೆಂಬುದು ಪೇಟೆಯ ಹಂಚಿಕೆದಾರರ ಮಾತು. ಯಕ್ಷಗಾನದಲ್ಲಿ ಒಂದು ಪದ್ಯದ ಅರ್ಥವನ್ನು ಅರ್ಧ ಗಂಟೆ ಕೇಳಿ, ಬೆಳಗಾಗುವವರೆಗೆ ಕುಳಿತಿರಬಲ್ಲ ಜನರ ವಿಷಯದಲ್ಲಿ ಆ ಮಾತನ್ನು ಆಡುವುದು ಹೇಗೆ ಸಾಧ್ಯವಾಯಿತೋ ತಿಳಿಯದು.

ಶಾಸ್ತ್ರದ ಕಾಲವು ಹಿಂದೆ ಸರಿದಮೇಲೆ ಅದರ ಪೀಠದಲ್ಲಿ ಕುಳಿತುದು ಕಚೇರಿಯ ಕಾಲ. ತೇಜಸ್ವಿಯವರ ಕಥೆಯಿಂದ 1986ರಲ್ಲಿ ಶ್ರೀ ಕಾಸರವಳ್ಳಿಯವರು ಮಾಡಿದ ‘ತಬರನ ಕಥೆ’ಯ ವಸ್ತುವು ಇದೇ. ಮಲೆನಾಡಿನ ಒಂದು ಸಣ್ಣ ಪೇಟೆಯ ಪುರಸಭೆಯಲ್ಲಿ ಜವಾನಿಕೆಯ ಕೆಲಸದಲ್ಲಿ ಸವೆದ ತಬರಶೆಟ್ಟಿಯು ನಿವೃತ್ತನಾಗಿರುವನು. ವಸೂಲಿಯಾಗದ ಸುಂಕದ ಬಾಕಿಯು ಅವನ ಲೆಕ್ಕಕ್ಕೆ ಬಿದ್ದು ಪಿಂಚಣಿಯು ಬರಲೊಲ್ಲದು. ಹೆಂಡತಿ ಅಪ್ಪಿಗೆ ಸ್ಯಾನೆ ಸಿಹಿಮೂತ್ರದ ರೋಗ. ಕಾಲಿನ ಗಾಯವು ಕೊಳೆಯುತ್ತ ಮೇಲೇರುತ್ತಿದೆ. ಕಡತವು ಒಂದು ಮೇಜಿನಿಂದ ಇನ್ನೊಂದು ಮೇಜಿಗೆ ಹೋಗುವುದಕ್ಕೆ ತೆಗೆದುಕೊಳ್ಳುವ ಕಾಲವನ್ನೂ, ವ್ರಣವು ಬೆರಳಿನಿಂದ ಮೇಲಕ್ಕೆ ಹಬ್ಬುವುದಕ್ಕೆ ತೆಗೆದುಕೊಳ್ಳುವ ಕಾಲವನ್ನೂ ಚಿತ್ರವು ಎದುರುಬದುರಾಗಿ ಇಡುತ್ತದೆ. ಕಡೆಗೆ ಅವನು ಕಸಾಯಿಯವನ ಬಳಿಗೆ ಹೋಗಿ ಹೆಂಡತಿಯ ಕಾಲನ್ನು ಕಡಿದುಕೊಡೆಂದು ಕೇಳುವ ಸ್ಥಿತಿಗೆ ಬರುತ್ತಾನೆ.

ಇದರ ಪಕ್ಕದಲ್ಲಿ ಇಡಬೇಕಾದುದು ಇಟಲಿಯ ಡಿ ಸಿಕಾ 1952ರಲ್ಲಿ ಮಾಡಿದ ‘ಉಂಬೆರ್ತೊ ಡಿ.’ ರೋಮಿನ ಒಬ್ಬ ಪಿಂಚಣಿದಾರ ಮುದುಕನು ಬಾಡಿಗೆ ಕೊಡಲಾರದೆ ನಾಯಿಯೊಡನೆ ಬೀದಿಗೆ ಬರುವ ಕಥೆ ಅದು. ಅದರಲ್ಲಿ ಮನೆಗೆಲಸದ ಹುಡುಗಿಯೊಬ್ಬಳು ಬೆಳಗ್ಗೆ ಎದ್ದು ಅಡುಗೆಮನೆಯಲ್ಲಿ ಗೋಡೆಯ ಇರುವೆಗಳಿಗೆ ನೀರೆರಚಿ, ಕಾಫಿಬೀಜವನ್ನು ಅರೆಯುತ್ತ, ಕುಳಿತಲ್ಲಿಂದಲೇ ಕಾಲು ಚಾಚಿ ಬಾಗಿಲನ್ನು ಮುಚ್ಚಲೆತ್ನಿಸುವ ದೃಶ್ಯವು ಲೋಕಪ್ರಸಿದ್ಧವಾಗಿದೆ. ಕಥೆಗೆ ಅದರಿಂದ ಏನೂ ಆಗುವುದಿಲ್ಲ, ಆದರೆ ಒಂದು ಜೀವದ ಬೆಳಗು ಹೇಗಿರುವುದೆಂಬುದು ತಿಳಿಯುತ್ತದೆ. ಎರಡು ಚಿತ್ರಗಳಿಗೂ ಇರುವ ಸಾದೃಶ್ಯವು ಮೇಲುನೋಟಕ್ಕೆ ಹೆಚ್ಚು. ಉಂಬೆರ್ತೊನಾಗಿ ನಟಿಸಿದವನು ವೃತ್ತಿಯ ನಟನಲ್ಲ, ಕಾರ್ಲೊ ಬತ್ತಿಸ್ತಿಯೆಂಬ ಭಾಷಾಶಾಸ್ತ್ರದ ಪ್ರಾಧ್ಯಾಪಕ. ತಬರನಾಗಿ ನಟಿಸಿ ಆ ವರ್ಷದ ಅತ್ಯುತ್ತಮ ನಟರೆನಿಸಿದ ಶ್ರೀ ಚಾರುಹಾಸನ್ ಅವರು ವಕೀಲಿ ವೃತ್ತಿಯಲ್ಲಿದ್ದವರು. ಆದರೆ ಭೇದವೇ ಮುಖ್ಯ. ಉಂಬೆರ್ತೊವಿಗೆ ಪಿಂಚಣಿ ಬರುತ್ತದೆ, ಸಾಲದು. ತಬರನಿಗೆ ಬರುವುದೇ ಇಲ್ಲ. ಅವನ ದುಃಖವು ಬಡತನ, ಇವನದು ಕಾಯುವಿಕೆ. ತಬರನು ಪರಂಗಿಯವರ ಆಳಿಕೆಯಲ್ಲಿ ಚಾಕರಿಗೆ ಸೇರಿ ಸ್ವತಂತ್ರದೇಶದಲ್ಲಿ ಮುದುಕನಾದವನು. ಕಾಗದದಮೇಲೆ ಅವನ ಸೇವೆಯು ಇನ್ನೂ ಮುಗಿದಿಲ್ಲ, ದೇಹದಲ್ಲಿ ಎಂದೋ ಮುಗಿದಿದೆ. ನಾರಣಪ್ಪನ ಹೆಣಕ್ಕೆ ಆದುದೇ ಇವನ ಅರ್ಜಿಗೂ ಆಯಿತು. ರೋಮಿನಿಂದ ತಂದ ಸರಕು ಇದಾಗಿದ್ದರೆ ಈ ಅಂಶವು ಇದರಲ್ಲಿ ಇರುತ್ತಿರಲಿಲ್ಲ.

ನಾಲ್ಕನೆಯದಾದ ‘ದ್ವೀಪ’ದಲ್ಲಿ ದಾಖಲೆಯ ಕಾಲವು ನೀರಿನ ರೂಪದಲ್ಲಿ ಬರುವುದು. ಶರಾವತಿಗೆ ಲಿಂಗನಮಕ್ಕಿಯಲ್ಲಿ ಕಟ್ಟಿದ ಅಣೆಕಟ್ಟು 1964ರಲ್ಲಿ ಮುಗಿಯಿತು. ಹಿನ್ನೀರಿನಲ್ಲಿ ಅನೇಕ ಗ್ರಾಮಗಳು ಮುಳುಗಿದುವು. ನಾ. ಡಿಸೋಜರು ಆ ಯೋಜನೆಯ ಪ್ರದೇಶದಲ್ಲಿ ಸರ್ಕಾರಿ ನೌಕರಿಯಲ್ಲಿದ್ದು ಇದನ್ನು ಹತ್ತಿರದಿಂದ ಕಂಡವರು. ಮುಳುಗಡೆಯೆಂದು ಸರ್ಕಾರವು ತೀರ್ಮಾನಿಸಿದ ನೆಲದಲ್ಲಿ ಗಣಪ, ಅವನ ಹೆಂಡತಿ ನಾಗಿ, ತಂದೆ ದುಗ್ಗಜ್ಜ ಇವರು ಉಳಿದುಕೊಂಡಿರುವರು. ಕಡತದ ಪ್ರಕಾರ ಆ ಮನೆಯು ಆಗಲೇ ಇಲ್ಲ. ಮನೆಯಲ್ಲಿ ಒಲೆ ಉರಿಯುತ್ತಿದೆ. ಮಳೆಯೊಂದೇ ಇಲ್ಲಿನ ಗಡಿಯಾರ. ಮೆಟ್ಟಿಲಿನಿಂದ ಮೆಟ್ಟಿಲಿಗೆ ನೀರೇರುವುದೇ ಅದರ ಮುಳ್ಳು. ಮನೆಯನ್ನು ಉಳಿಸುವುದಕ್ಕೆ ನಾಗಿಯು ಪಟ್ಟ ಶ್ರಮವನ್ನು ಚಿತ್ರವು ಗಳಿಗೆಗಳಿಗೆಯಾಗಿ ತೋರಿಸುವುದು. ಮಳೆ ನಿಂತಮೇಲೆ ಗಣಪನು ಅದೆಲ್ಲವೂ ದೇವರ ಕೃಪೆಯೆನ್ನುತ್ತಾನೆ. ನೋಡಿದವರ ಕಣ್ಣಮುಂದೆ ಕಳೆದ ಹೊತ್ತು ಅಷ್ಟು ಉದ್ದವಾಗಿಲ್ಲದಿದ್ದರೆ ಆ ಮಾತಿನ ಅನ್ಯಾಯವು ತಟ್ಟುತ್ತಿರಲಿಲ್ಲ. ಹೆಂಗಸಿನ ದುಡಿಮೆಯು ಲೆಕ್ಕಕ್ಕೆ ಬಾರದಿರುವುದಕ್ಕೆ ಕಾರಣವೇ ಅದು ದಿನದಿನದ್ದಾಗಿರುವುದು. ನಾಗಿಯ ಪಾತ್ರವನ್ನು ವಹಿಸಿದ ಸೌಂದರ್ಯರವರೇ ಚಿತ್ರವನ್ನು ನಿರ್ಮಿಸಿದರು. ಜನಪ್ರಿಯ ಚಿತ್ರಗಳ ನಾಯಕಿಯಾಗಿದ್ದ ಅವರು 2004ರಲ್ಲಿ ಅಕಾಲಮೃತ್ಯುವಿಗೀಡಾದರು. ‘ಘಟಶ್ರಾದ್ಧ’, ‘ತಬರನ ಕಥೆ’ಗಳಂತೆ ಇದಕ್ಕೂ ಸ್ವರ್ಣಕಮಲವು ಬಂದಿತು.

ಇದೇ ಸೀಮೆಯಲ್ಲಿ ದಿನಚರಿಯ ಕಾಲವನ್ನು ಬೇರೊಂದು ರಸದಲ್ಲಿ ಹಿಡಿದುದೂ ಉಂಟು. ಶಂಕರನಾಗರು 1980ರ ದಶಕದಲ್ಲಿ ದೂರದರ್ಶನಕ್ಕಾಗಿ ಆರ್. ಕೆ. ನಾರಾಯಣರ ಮಾಲ್ಗುಡಿಯ ಕಥೆಗಳನ್ನು ಆಗುಂಬೆಯಲ್ಲಿ ಚಿತ್ರಿಸಿದರು. ಶಿವಮೊಗ್ಗೆ ತಾಳಗುಪ್ಪದ ದಾರಿಯ ಅರಸಾಳು ನಿಲ್ದಾಣವು ಮಾಲ್ಗುಡಿಯ ನಿಲ್ದಾಣವಾಯಿತು. ಅಲ್ಲಿ ಕಾಲವು ಯಾರನ್ನೂ ಹಿಂಸಿಸುವುದಿಲ್ಲ. ಕಾಸರವಳ್ಳಿಯವರ ಚಿತ್ರಗಳಿಗಿಂತ ಆ ಮಾಲೆಯು ಹೆಚ್ಚು ಜನರಿಗೆ ಪ್ರಿಯವಾದುದಕ್ಕೆ ಇದೂ ಒಂದು ಕಾರಣವಾಗಿರಬಹುದು.

ಚಿತ್ರದಲ್ಲಿ ಹಿಡಿದ ಕಾಲವು ಚಿತ್ರವನ್ನೂ ಬಿಡುವುದಿಲ್ಲ. ಫಿಲ್ಮಿನ ಮೇಲ್ಮೈ ಸೇವೆಯಿಲ್ಲದೆ ಬಿದ್ದಿದ್ದರೆ ಬೂಷ್ಟುಹಿಡಿಯುವುದು, ಕುಗ್ಗುವುದು, ಗೀರುಬೀಳುವುದು. ‘ಘಟಶ್ರಾದ್ಧ’ವನ್ನು ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಷನ್ನಿನವರು, ಅಮೆರಿಕದ ಮಾರ್ಟಿನ್ ಸ್ಕೋರ್ಸೇಸೆಯವರು ಸ್ಥಾಪಿಸಿದ ವರ್ಲ್ಡ್ ಸಿನಿಮಾ ಪ್ರಾಜೆಕ್ಟಿನವರೊಡಗೂಡಿ ಜೀರ್ಣೋದ್ಧಾರ ಮಾಡಿದರು. ಹೀಗೆ ನವೀಕೃತವಾದ ಪ್ರತಿಯು 2024ನೆಯ ಇಸವಿಯಲ್ಲಿ ವೆನಿಸ್ ನಗರದ ಚಿತ್ರೋತ್ಸವದ ಪ್ರಾಚೀನ ಚಿತ್ರಗಳ ವಿಭಾಗದಲ್ಲಿ ಪ್ರದರ್ಶಿತವಾಯಿತು. ಚಿತ್ರಕ್ಕೆ ಆಗ ನಲವತ್ತೇಳು ವರ್ಷ. ಬಿ. ವಿ. ಕಾರಂತರು 2002ರಲ್ಲಿಯೂ ಎಸ್. ರಾಮಚಂದ್ರರು 2011ರಲ್ಲಿಯೂ ಅನಂತಮೂರ್ತಿಯವರು 2014ರಲ್ಲಿಯೂ ತೀರಿಕೊಂಡಿದ್ದರು; ನಿರ್ಮಾಪಕರಾದ ಸದಾನಂದ ಸುವರ್ಣರು ವೆನಿಸಿನ ಪ್ರದರ್ಶನಕ್ಕೆ ಕೆಲವೇ ವಾರಗಳ ಮುಂಚೆ, ಆ ವರ್ಷದ ಜುಲೈ ತಿಂಗಳಲ್ಲಿ ಕಾಲವಾದರು.